ಈ ಹೆಸರು ಯಾರು ಇಟ್ಟರು? ಓದುಗರ ಪ್ರಶ್ನೆಗಳಿಗೆ ಉತ್ತರ

"ನಿಮ್ಮ ಮನೆಯ ಹೆಸರುಗಳ ಬಗ್ಗೆ ಏನಾದರೂ ಕೇಳುವುದಿದ್ದರೆ ಬರೆಯಿರಿ" ಎಂದು ಹೋದ ಸಂಚಿಕೆಯಲ್ಲಿ ಕೇಳಿಕೊಂಡಿದ್ದೆ. ಬಂದ ಪತ್ರಗಳ ಕಟ್ಟು ನೋಡಿ ತುಂಬಾ ಖುಷಿಯಾಯಿತು. ಶಿರಾ, ಪಾವಗಡ ಕಡೆಯ ಸರ್ಕಾರಿ ಶಾಲೆಗಳಲ್ಲಿ 33 ವರ್ಷ ಪಾಠ ಮಾಡಿದವಳು ನಾನು. ಪ್ರತಿ ಜೂನ್ ತಿಂಗಳಲ್ಲಿ ದಾಖಲಾತಿ ಪುಸ್ತಕ ತೆರೆದು ಹೊಸ ಮಕ್ಕಳ ಹೆಸರು ಬರೆಯುವುದು ನನ್ನ ಕೆಲಸವಾಗಿತ್ತು. ಹೆಸರುಗಳ ಮೇಲಿನ ಈ ಆಸೆ ಹುಟ್ಟಿದ್ದು ಅಲ್ಲೇ. ಪತ್ರ ಬರೆದವರಲ್ಲಿ ಹೆಚ್ಚಿನವರು ತಮ್ಮ ಹೆಸರು ಹಾಕಬೇಡಿ ಎಂದಿದ್ದಾರೆ. ಹಾಗಾಗಿ ಊರು ಮಾತ್ರ ಹಾಕಿದ್ದೇನೆ.

ಪ್ರಶ್ನೆ: ನಮ್ಮ ಅಜ್ಜಿಯ ಹೆಸರು ತಿಪ್ಪಮ್ಮ. ಆಫೀಸಿನಲ್ಲಿ ವಿಮೆ ಫಾರ್ಮ್ ತುಂಬುವಾಗ ಪಕ್ಕದವರು ಆ ಹೆಸರು ನೋಡಿ ನಕ್ಕರು. ತಿಪ್ಪೆ ಅಂದರೆ ಕಸದ ರಾಶಿ ತಾನೇ? ಮಗುವಿಗೆ ಯಾಕೆ ಇಂಥ ಹೆಸರು ಇಟ್ಟರು?
(ಚಳ್ಳಕೆರೆ, ಈಗ ಬೆಂಗಳೂರು)

ಉತ್ತರ: ತಿಪ್ಪೆ ಅಂದರೆ ಕಸ, ಸಗಣಿ ಹಾಕುವ ಜಾಗ. ಅದು ನಿಜ. ನಿಮ್ಮ ಕಡೆ ಈ ಹೆಸರಿಗೆ ಎರಡು ಕಾರಣ ಇರಬಹುದು. ಒಂದು, ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿ. ಚಳ್ಳಕೆರೆ ತಾಲ್ಲೂಕಿನವರಿಗೆ ಆ ಜಾತ್ರೆ, ಆ ತೇರಿನ ಬಗ್ಗೆ ನಾನು ಹೇಳಬೇಕಾಗಿಲ್ಲ. ಸ್ವಾಮಿಗೆ ಹರಕೆ ಹೊತ್ತು ಹುಟ್ಟಿದ ಮಕ್ಕಳಿಗೆ ತಿಪ್ಪೇಸ್ವಾಮಿ, ತಿಪ್ಪೇಶ, ತಿಪ್ಪಮ್ಮ, ತಿಪ್ಪಕ್ಕ ಎಂದು ಇಡುತ್ತಾರೆ.

ಎರಡನೆಯ ಕಾರಣ ನನಗೆ ಗೊತ್ತಾಗಿದ್ದು ಪುಸ್ತಕದಿಂದಲ್ಲ. ಕೆಲಸಕ್ಕೆ ಸೇರಿದ ಹೊಸದು. ಒಂದು ಹೆಣ್ಣುಮಗುವನ್ನು ಅದರ ಅಜ್ಜಿ ಶಾಲೆಗೆ ಕರೆತಂದಿದ್ದರು. ಹೆಸರು ತಿಪ್ಪಮ್ಮ ಅಂದರು. ಮುಂದೆ ಮಗುವಿಗೆ ತೊಂದರೆ ಆಗದಿರಲಿ ಎಂದುಕೊಂಡು ನಾನು ತ್ರಿವೇಣಿ ಎಂದು ಬರೆದೆ. ಆಗ ಮೇಷ್ಟ್ರುಗಳು ಹಾಗೆ ಮಾಡುವುದು ಮಾಮೂಲಾಗಿತ್ತು. ಮಾರನೇ ದಿನ ಹಾಜರಿ ಕರೆದಾಗ ಮಗು ಓಗೊಡಲಿಲ್ಲ. ಸಂಜೆ ಅಜ್ಜಿ ಬಂದರು. ಬೈಯಲಿಲ್ಲ. "ಇದ್ರ ಮುಂದೆ ಹುಟ್ಟಿದ್ ಮೂರು ಹೋದ್ವು ಟೀಚರಮ್ಮ. ಇದನ್ನ ತಿಪ್ಪೆ ಮ್ಯಾಲೆ ಮಲಗ್ಸಿ, ಕಸ ಅಂತ ಎತ್ಕಂಡ್ ಬಂದ್ವಿ. ಆ ಹೆಸ್ರಿಂದ್ಲೇ ಉಳ್ಕಂಡೈತೆ. ನೀವ್ ಅದ್ನ ತೆಗೀಬ್ಯಾಡ್ರಿ" ಅಂದರು. ನನಗೆ ಗಂಟಲು ಕಟ್ಟಿತು. ಕೆಂಪು ಶಾಯಿಯಲ್ಲಿ ತ್ರಿವೇಣಿ ಹೊಡೆದುಹಾಕಿ ತಿಪ್ಪಮ್ಮ ಎಂದು ಬರೆದು, ಹೆಡ್‌ಮಾಸ್ಟರ್ ಹತ್ತಿರ ಸಹಿ ಹಾಕಿಸಿದೆ. ಅವತ್ತಿನಿಂದ "ಯಾಕೆ ಈ ಹೆಸರು ಇಟ್ರಿ?" ಎಂದು ಕೇಳದೆ ನಾನು ಯಾರ ಹೆಸರನ್ನೂ ಬರೆದಿಲ್ಲ.

ಸಾವು ಒಳ್ಳೆಯ ಮಕ್ಕಳನ್ನೇ ಹುಡುಕಿಕೊಂಡು ಬರುತ್ತದೆ ಎಂಬ ಭಯ ಅದು. ಬಂದಾಗ ಇದು ಕಸ, ಇದು ಯಾರಿಗೂ ಬೇಡದ್ದು ಎಂದು ಕಂಡರೆ ಬಿಟ್ಟು ಹೋಗುತ್ತದೆ ಎಂಬ ನಂಬಿಕೆ. ಪಾವಗಡ ಕಡೆ ತೆಲುಗು ಮಾತಾಡುವ ಮನೆಗಳಲ್ಲಿ ಪೆಂಟಯ್ಯ ಎಂಬ ಹೆಸರು ಕೇಳಿದ್ದೇನೆ. ಪೆಂಟ ಅಂದರೂ ತಿಪ್ಪೆಯೇ. ಪುಲ್ಲಯ್ಯ ಅನ್ನುವುದು ಉಂಡು ಬಿಸಾಡಿದ ಎಲೆಯಿಂದ ಬಂದ ಹೆಸರು. ತಮಿಳಿನಲ್ಲಿ ಕುಪ್ಪೈ ಅಂದರೆ ಕಸ. ಕುಪ್ಪುಸ್ವಾಮಿ, ಕುಪ್ಪಮ್ಮಾಳ್ ಅಲ್ಲಿಂದ ಬಂದ ಹೆಸರುಗಳು. ತಮಿಳಿನ ಪಿಚ್ಚಯ್ಯ, ತೆಲುಗಿನ ಭಿಕ್ಷಪತಿ ಎರಡರಲ್ಲೂ ಇರುವುದು ಭಿಕ್ಷೆ. ಈ ಮಗು ನಮ್ಮದಲ್ಲ, ಬೇಡಿ ತಂದದ್ದು ಎಂದು ಸಾವಿಗೆ ಹೇಳುವ ಮಾತು.

ಬಂಗಾಳದಲ್ಲಿ ಮಗುವನ್ನು ಮಾರಿದ ಹಾಗೆ ಮಾಡುತ್ತಿದ್ದರು. ತಾಯಿಯ ಕೈಯಿಂದ ಬೇರೆಯವರು ಕವಡೆ ಕೊಟ್ಟು ಕೊಳ್ಳುವುದು. ಮೂರು ಕವಡೆಗೆ ಕೊಂಡರೆ ತೀನ್‌ಕಡಿ, ಐದಕ್ಕೆ ಕೊಂಡರೆ ಪಾಂಚ್‌ಕಡಿ. 18ನೇ ವಯಸ್ಸಿಗೆ, 1908ರಲ್ಲಿ ಗಲ್ಲಿಗೇರಿದ ಖುದೀರಾಮ್ ಬೋಸ್ ಹೆಸರು ನಿಮಗೆ ಗೊತ್ತಲ್ವಾ? ಬಂಗಾಳಿಯಲ್ಲಿ ಖುದ್ ಅಂದರೆ ನುಚ್ಚಕ್ಕಿ. ಅವರಿಗಿಂತ ಮುಂಚೆ ಹುಟ್ಟಿದ ಗಂಡುಮಕ್ಕಳು ಉಳಿದಿರಲಿಲ್ಲ. ಅದಕ್ಕೇ ಈ ಮಗುವನ್ನು ಮೂರು ಹಿಡಿ ನುಚ್ಚಿಗೆ ಅಕ್ಕನಿಗೆ ಮಾರಿದರು. ಹಾಗೆ ಖುದೀರಾಮ್ ಆದರು. ಅವರ ಹೆಸರು ಹೇಳುವಾಗೆಲ್ಲ ನನಗೆ ಆ ಮೂರು ಹಿಡಿ ನುಚ್ಚು ನೆನಪಾಗುತ್ತದೆ. ಸಾವಿನಿಂದ ತಪ್ಪಿಸಲು ಅಷ್ಟು ಕಷ್ಟಪಟ್ಟ ಮಗುವೇ ಹೋಗಿ ನೇಣಿಗೆ ಕೊರಳು ಕೊಟ್ಟಿತು.

ಎಲ್ಲಿಯ ಮಂಗೋಲಿಯ! ಅಲ್ಲೂ ಮಕ್ಕಳು ಉಳಿಯದ ಮನೆಯಲ್ಲಿ ನೆರ್ಗುಯ್ ಎಂದು ಹೆಸರಿಡುತ್ತಾರೆ. ಹೆಸರಿಲ್ಲ ಎಂದು ಅರ್ಥ. ಎನೆಬಿಶ್ ಅಂದರೆ "ಇದಲ್ಲ". ಹುನ್‌ಬಿಶ್ ಅಂದರೆ "ಮನುಷ್ಯ ಅಲ್ಲ". ಕೆಟ್ಟ ಶಕ್ತಿ ಮಗುವನ್ನು ಹುಡುಕಿ ಬಂದರೆ ದಾರಿ ತಪ್ಪಲಿ ಎಂದು. ಚೀನಾದ ಹಳ್ಳಿಗಳಲ್ಲಿ ಗೌಶೆಂಗ್ ಎಂಬ ಹೆಸರಿತ್ತು. ನಾಯಿ ತಿಂದು ಬಿಟ್ಟಿದ್ದು ಎಂದರ್ಥ.

ಊರಿಗೆ ಹೋದಾಗ ವಿಚಾರಿಸಿ. ನಿಮ್ಮ ಅಜ್ಜಿಗಿಂತ ಮುಂಚೆ ಆ ಮನೆಯಲ್ಲಿ ಮಕ್ಕಳು ಹೋಗಿದ್ದವೇ? ಇಲ್ಲ ಎಂದಾದರೆ ಅದು ನಾಯಕನಹಟ್ಟಿಯ ಹರಕೆ. ಹೌದು ಎಂದಾದರೆ, ನಿಮ್ಮ ಮುತ್ತಜ್ಜಿ ಹಸಿಮೈಯಲ್ಲಿ ಎದ್ದು ಹೋಗಿ ಕೂಸನ್ನು ತಿಪ್ಪೆಯ ಮೇಲೆ ಮಲಗಿಸಿ ಪಕ್ಕದಲ್ಲಿ ಕಾದು ನಿಂತಿದ್ದರು. ನಕ್ಕವರಿಗೆ ಅದನ್ನು ಹೇಳಿ.

ಪ್ರಶ್ನೆ: ಮಗನಿಗೆ ಆರವ್ ಎಂದು ಹೆಸರಿಡಬೇಕು ಅಂತಿದ್ದೇವೆ. ಮೊಬೈಲ್‌ನಲ್ಲಿ ನೋಡಿದರೆ "ಶಾಂತ" ಎಂದು ಅರ್ಥ ಕೊಟ್ಟಿದ್ದಾರೆ. ನಮ್ಮ ಮಾವನವರು ಒಪ್ಪುತ್ತಿಲ್ಲ. ಯಾರು ಸರಿ? ನಾದಿನಿಯ ಮಗಳಿಗೆ ಕಿಯಾರಾ ಎಂದಿಟ್ಟಿದ್ದಾರೆ, ಅದು ಯಾವ ಭಾಷೆ?
(ದಾವಣಗೆರೆ)

ಉತ್ತರ: ನಿಮ್ಮ ಮಾವನವರು ಸರಿ. ಬೇಜಾರಾಗಬೇಡಿ, ಬಿಡಿಸಿ ಹೇಳುತ್ತೇನೆ. ಸಂಸ್ಕೃತದಲ್ಲಿ ರವ ಅಂದರೆ ಸದ್ದು. ಹಕ್ಕಿಗಳ ಕಲರವ ಅನ್ನುತ್ತೇವಲ್ಲ, ಅದೇ ರವ. ಆರವ ಅಂದರೆ ಕೂಗು, ಗದ್ದಲ. ಸದ್ದಿಲ್ಲದ್ದು ಎಂದು ಹೇಳಬೇಕಿದ್ದರೆ "ಅರವ" ಅನ್ನಬೇಕು, ಮೊದಲನೆಯದು ಗಿಡ್ಡ ಅಕ್ಷರ. ಯಾರೋ ಇಂಗ್ಲಿಷ್ ಅಕ್ಷರದಲ್ಲಿ ಬರೆದುದನ್ನು ಓದಿ ಉದ್ದ, ಗಿಡ್ಡ ಬೆರೆಸಿಬಿಟ್ಟಿರಬೇಕು. ಒಂದು ದೀರ್ಘದಲ್ಲಿ ಅರ್ಥ ತಲೆಕೆಳಗಾಯಿತು. ಕನ್ನಡ ಅಕ್ಷರದಲ್ಲಿ ಬರೆದು ನೋಡಿದ್ದರೆ ತಕ್ಷಣ ಗೊತ್ತಾಗುತ್ತಿತ್ತು. ಶಾಂತ ಎಂಬ ಅರ್ಥವೇ ಬೇಕಿದ್ದರೆ ನೀರವ್ ಇದೆ. ಇಲ್ಲ, ಆರವ್ ಎಂಬ ಸದ್ದೇ ಇಷ್ಟವಾಗಿದ್ದರೆ ಅದನ್ನೇ ಇಡಿ. ಮಕ್ಕಳಿರುವ ಮನೆಯಲ್ಲಿ ಸದ್ದಿರುವುದು ಒಳ್ಳೆಯದೇ. ಗೊತ್ತಿದ್ದು ಇಡಿ, ಅಷ್ಟೇ.

ಕಿಯಾರಾ ಇಟಲಿಯ ಹೆಸರು. ಲ್ಯಾಟಿನ್‌ನ ಕ್ಲಾರಾದಿಂದ ಬಂದದ್ದು. ತಿಳಿಯಾದದ್ದು, ಬೆಳಕಿನಂಥದ್ದು ಎಂದು ಅರ್ಥ. ಅಸ್ಸಿಸಿಯ ಸಂತ ಕ್ಲಾರಾರನ್ನು ಅವರ ಊರಿನವರು ಕಿಯಾರಾ ಅಂತಲೇ ಕರೆಯುತ್ತಾರೆ. ಆದರೆ ಐರ್ಲೆಂಡಿನಲ್ಲೂ ಹೆಚ್ಚುಕಡಿಮೆ ಇದೇ ಥರ ಬರೆಯುವ ಇನ್ನೊಂದು ಹೆಸರಿದೆ. ಅದು ಐರಿಷ್ ಭಾಷೆಯ "ಕಪ್ಪು" ಎಂಬ ಪದದಿಂದ ಹುಟ್ಟಿದ್ದು. ನೋಡಲು ಅಕ್ಕತಂಗಿಯರಂತೆ, ಅರ್ಥದಲ್ಲಿ ಹಗಲು ರಾತ್ರಿ.

ಇಂಥವು ಸಿಕ್ಕಿದಾಗ ಬರೆದಿಡಲು ನನ್ನ ಹತ್ತಿರ ಒಂದು ನೋಟ್‌ಬುಕ್ ಇದೆ. ನಮ್ಮ ಕಿರಣ ಬೆಳಕು. ಐರ್ಲೆಂಡಿನ ಕಿರನ್ ಅದೇ "ಕಪ್ಪು" ಪದದಿಂದ ಬಂದವನು, ಪುಟ್ಟ ಕರಿಯ. ನಮ್ಮ ಶೀಲಾ ನಡತೆಯ ಹೆಸರು. ಅವರ ಶೀಲಾ ಅನ್ನುವುದು ಸಿಸಿಲಿಯಾ ಎಂಬ ರೋಮನ್ ಹೆಸರು ಐರಿಷ್ ಬಾಯಲ್ಲಿ ಸವೆದು ಆದದ್ದು. ನಮ್ಮ ಕಮಲ ಹೂವು, ಅರಬ್ಬಿಯ ಕಮಾಲ್ ಪರಿಪೂರ್ಣತೆ. ನನಗೆ ಎಲ್ಲಕ್ಕಿಂತ ಇಷ್ಟ ಸಮೀರ. ಸಂಸ್ಕೃತದಲ್ಲಿ ಅವನು ಗಾಳಿ. ಅರಬ್ಬಿಯಲ್ಲಿ ಸಮೀರ್ ಅಂದರೆ ರಾತ್ರಿ ಹೊತ್ತು ಜತೆಗೆ ಕೂತು ಮಾತಾಡುವ ಗೆಳೆಯ. ನಮ್ಮ ಒಂದೇ ಕ್ಲಾಸಿನಲ್ಲಿ ಎರಡೂ ಮನೆಯ ಸಮೀರರು ಇದ್ದರು, ಒಂದೇ ಬೆಂಚಿನಲ್ಲಿ ಕೂರುತ್ತಿದ್ದರು.

ಪ್ರಶ್ನೆ: ನಮ್ಮ ಮುತ್ತಜ್ಜನ ಹೆಸರು ತನಿಯ. ಅವರ ಅಣ್ಣ ಐತ. ಕಾಲೇಜಿನಲ್ಲಿ ವಂಶವೃಕ್ಷ ಬರೆಯಲು ಹೇಳಿದಾಗ ಈ ಹೆಸರುಗಳನ್ನು ಬರೆಯಲು ಸಂಕೋಚವಾಯಿತು. ಇವಕ್ಕೆ ಅರ್ಥ ಇದೆಯೇ?
(ಪುತ್ತೂರು)

ಉತ್ತರ: ತುಳುವಿನಲ್ಲಿ ವಾರದ ಹೆಸರು ಒಂದೊಂದಾಗಿ ಹೇಳಿ ನೋಡಿ, ಅರ್ಥ ತಾನೇ ಬರುತ್ತದೆ. ಐತಾರ ಹುಟ್ಟಿದವನು ಐತ. ಸೋಮವಾರ ಹುಟ್ಟಿದವನು ಚೋಮ. ಮಂಗಳವಾರ ಅಂಗಾರ, ಬುಧವಾರ ಬೂದ, ಗುರುವಾರ ಗುರುವ, ಶುಕ್ರವಾರ ತುಕ್ರ, ಶನಿವಾರ ತನಿಯ. ನಿಮ್ಮ ಮುತ್ತಜ್ಜ ಶನಿವಾರ ಹುಟ್ಟಿದವರು, ಅವರ ಅಣ್ಣ ಭಾನುವಾರ. ಜನನ ಪ್ರಮಾಣ ಪತ್ರ ಇಲ್ಲದ ಕಾಲದಲ್ಲಿ ಹುಟ್ಟಿದ ವಾರವಾದರೂ ಹೆಸರಿನಲ್ಲಿ ಉಳಿಯಿತು. ನನ್ನ ದಾಖಲಾತಿ ಪುಸ್ತಕದಲ್ಲಿ ಎಷ್ಟೊಂದು ಮಕ್ಕಳು ಜೂನ್ 1ರಂದೇ ಹುಟ್ಟಿದ್ದಾರೆ! ಶಾಲೆಗೆ ಸೇರಿಸಲು ಅನುಕೂಲ ಎಂದು ನಾವೇ ಬರೆದ ತಾರೀಖು ಅದು. ಅದಕ್ಕಿಂತ ತನಿಯ ಎಂಬ ಹೆಸರು ಹೆಚ್ಚು ಸತ್ಯ ಹೇಳುತ್ತದೆ.

ನಿಮ್ಮ ಸಂಕೋಚದ ಕಾರಣವೂ ನನಗೆ ಅರ್ಥವಾಗುತ್ತದೆ. ಕೆಳಗೆ ತಳ್ಳಲ್ಪಟ್ಟ ಜನ ದೊಡ್ಡ ದೇವರ ಹೆಸರು, ಧಣಿಗಳ ಮನೆಯ ಹೆಸರು ಇಟ್ಟುಕೊಳ್ಳಲು ಬಿಡದ ಕಾಲ ಇತ್ತು. ಅವರಿಗೆ ಉಳಿದದ್ದು ವಾರದ ಹೆಸರು. ಆ ಅನ್ಯಾಯ ಮರೆಯಬಾರದು. ಆದರೆ ಹೆಸರಿನಲ್ಲಿ ತಪ್ಪಿಲ್ಲ. ಐತಪ್ಪ, ಗುರುವಪ್ಪ ಎಂದು "ಅಪ್ಪ" ಸೇರಿಸಿಕೊಂಡು ಬೇರೆ ಜನರ ಮನೆಗಳಲ್ಲೂ ಇವೇ ಹೆಸರು ನಡೆದಿವೆ. ಇನ್ನೊಂದು ಮಾತು. ಇವತ್ತು ಕರಾವಳಿಯಲ್ಲಿ ವಸ್ತು ಕಳೆದುಹೋದರೆ, ಕಷ್ಟ ಬಂದರೆ ಯಾರನ್ನು ನೆನೆಯುತ್ತಾರೆ? ಕೊರಗಜ್ಜನನ್ನು. ದೈವವಾಗುವ ಮುಂಚೆ ಕೊರಗಜ್ಜನ ಹೆಸರು ತನಿಯ. ನಿಮ್ಮ ಮುತ್ತಜ್ಜನದೂ ಅದೇ ಹೆಸರು.

ಇನ್ನೂ ದೂರ ಹೋಗೋಣ. ಪಶ್ಚಿಮ ಆಫ್ರಿಕಾದ ಘಾನಾದಲ್ಲಿ ಅಕಾನ್ ಎಂಬ ಜನ ಇದ್ದಾರೆ. ಅವರಲ್ಲಿ ಪ್ರತಿ ಮಗುವಿಗೂ ಹುಟ್ಟಿದ ವಾರದ ಹೆಸರು ಇರುತ್ತದೆ, ರಾಜನ ಮಗುವಾದರೂ ಸರಿ. ಶನಿವಾರ ಹುಟ್ಟಿದ ಗಂಡು ಕ್ವಾಮೆ. 1957ರಲ್ಲಿ ಘಾನಾ ಸ್ವತಂತ್ರವಾದಾಗ ಅದನ್ನು ಮುನ್ನಡೆಸಿದವರು ಕ್ವಾಮೆ ಎನ್‌ಕ್ರೂಮಾ. ತುಳುವಿನಲ್ಲಿ ಹೇಳಿದರೆ ತನಿಯ! ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿ ಆಗಿದ್ದ ಕೋಫಿ ಅನ್ನಾನ್ ಶುಕ್ರವಾರದವರು, ಅಂದರೆ ತುಕ್ರ. ಅವರು ಹುಟ್ಟಿದ್ದು 1938ರ ಏಪ್ರಿಲ್ 8, ಶುಕ್ರವಾರ. ಅವಳಿ ಮಕ್ಕಳಿಗೆ ಅಲ್ಲಿ ಅಟ್ಟಾ ಎಂದು ಸೇರಿಸುತ್ತಾರೆ. ಕೋಫಿಗೆ ಅವಳಿ ಸೋದರಿ ಇದ್ದರು, ಹಾಗಾಗಿ ಅವರ ಪೂರ್ತಿ ಹೆಸರು ಕೋಫಿ ಅಟ್ಟಾ ಅನ್ನಾನ್. ಅನ್ನಾನ್ ಅಂದರೆ ನಾಲ್ಕನೆಯ ಮಗು. ಒಂದು ಹೆಸರಿನಲ್ಲಿ ಮನೆಯ ಲೆಕ್ಕವೆಲ್ಲ ಇದೆ.

ಅಕಾನ್ ಜನರನ್ನು ಗುಲಾಮರಾಗಿ ಹಡಗು ಹತ್ತಿಸಿ ಕೆರಿಬಿಯನ್ ದ್ವೀಪಗಳಿಗೆ ಸಾಗಿಸಿದರು. ಮೈಮೇಲಿನ ಬಟ್ಟೆಯೂ ಅವರದಾಗಿ ಉಳಿಯಲಿಲ್ಲ. ವಾರದ ಹೆಸರು ಮಾತ್ರ ಉಳಿಯಿತು. ಜಮೈಕಾದ ಗುಡ್ಡಗಳಲ್ಲಿ ಬ್ರಿಟಿಷರ ವಿರುದ್ಧ ಹೋರಾಡಿ, 1739ರಲ್ಲಿ ಅವರನ್ನೇ ಒಪ್ಪಂದಕ್ಕೆ ಬರುವಂತೆ ಮಾಡಿದ ನಾಯಕ ಕಜೋ. ಅದು ಕೋಜೋ ಎಂಬ ಸೋಮವಾರದ ಹೆಸರು. ನಮ್ಮ ಚೋಮ. ವಂಶವೃಕ್ಷದಲ್ಲಿ ತನಿಯ ಎಂದು ದಪ್ಪ ಅಕ್ಷರದಲ್ಲಿ ಬರೆಯಿರಿ.

ಪ್ರಶ್ನೆ: ನಾವು ಮಂಗಳೂರಿನ ಕ್ರೈಸ್ತರು. ನಮ್ಮ ಮನೆತನ ಲೋಬೊ, ಅಮ್ಮನ ತವರು ಫೆರ್ನಾಂಡಿಸ್. ಇವಕ್ಕೆ ಅರ್ಥ ಏನು?
(ಬೆಳ್ತಂಗಡಿ)

ಉತ್ತರ: ಪೋರ್ಚುಗೀಸ್‌ನಲ್ಲಿ ಲೋಬೊ ಅಂದರೆ ತೋಳ. ನಿಮ್ಮ ನೆರೆಹೊರೆಯ ಮನೆತನಗಳನ್ನೂ ಸೇರಿಸಿ ಹೇಳಿದರೆ ಒಂದು ಕಾಡೇ ಎದ್ದು ನಿಲ್ಲುತ್ತದೆ. ಪಿರೇರಾ ಪೇರ್ ಹಣ್ಣಿನ ಮರ. ಕರ್ವಾಲೊ ಓಕ್ ಮರ. ಸಿಲ್ವಾ ಕಾಡು. ಕುವೆಲ್ಲೊ ಮೊಲ. ಮಚಾದೊ ಕೊಡಲಿ. ಗೋವಾ, ಮಂಗಳೂರು ಕಡೆ ಹಿರಿಯರು ಕ್ರೈಸ್ತರಾದಾಗ ದೀಕ್ಷೆ ಕೊಟ್ಟ ಪಾದ್ರಿಯ ಅಥವಾ ಆಗ ತಂದೆಯ ಸ್ಥಾನದಲ್ಲಿ ನಿಂತ ಜ್ಞಾನಪಿತನ ಮನೆತನದ ಹೆಸರು ಅವರಿಗೂ ಬರುತ್ತಿತ್ತು. ಅದರ ಹಿಂದಿನ ಪ್ರಭು, ಕಾಮತ್, ಪೈ, ಶೆಣೈ ಮುಂತಾದ ಹೆಸರುಗಳನ್ನು ಈಗಲೂ ನೆನಪಿಟ್ಟುಕೊಂಡ ಮನೆಗಳಿವೆ. ನಿಮ್ಮ ಮನೆಯ ಹಿರಿಯರನ್ನು ಕೇಳಿ ನೋಡಿ.

ಫೆರ್ನಾಂಡಿಸ್ ಬೇರೆ ಬಗೆಯ ಹೆಸರು. ಕೊನೆಯ "ಇಸ್" ಇದೆಯಲ್ಲ, ಅದಕ್ಕೆ ಮಗ ಎಂಬ ಅರ್ಥ. ಫೆರ್ನಾಂದೊನ ಮಗ ಫೆರ್ನಾಂಡಿಸ್. ರೊಡ್ರಿಗೊನ ಮಗ ರೊಡ್ರಿಗಸ್. ಗೊನ್ಸಾಲೊನ ಮಗ ಗೊನ್ಸಾಲ್ವಿಸ್. ಫೆರ್ನಾಂದೊ ಯಾರು ಗೊತ್ತಾ? ಹಳೆಯ ಜರ್ಮನ್ ಕಡೆಯ ಜನರು ಸ್ಪೇನ್, ಪೋರ್ಚುಗಲ್‌ಗೆ ತಂದ ಹೆಸರು ಅದು. ಜರ್ಮನಿಯಲ್ಲಿ ಅದೇ ಹೆಸರು ಫರ್ಡಿನೆಂಡ್. ಅಲ್ಲಿಂದ ಒಬ್ಬ ಫರ್ಡಿನೆಂಡ್ ನಮ್ಮ ನಾಡಿಗೆ ಬಂದು ಕನ್ನಡದ ದೊಡ್ಡ ನಿಘಂಟು ಮಾಡಿದರು. 1894ರಲ್ಲಿ ಅದು ಮಂಗಳೂರಿನಲ್ಲೇ ಅಚ್ಚಾಯಿತು. ಕಿಟ್ಟೆಲ್ ಅವರ ಮೊದಲ ಹೆಸರಿಗೂ ನಿಮ್ಮ ಅಮ್ಮನ ತವರಿನ ಹೆಸರಿಗೂ ಮೂಲ ಒಂದೇ. ಆ ನಿಘಂಟು ನನ್ನ ಮೇಜಿನ ಮೇಲೆ ಯಾವಾಗಲೂ ಇರುತ್ತದೆ. ಈ ಉತ್ತರ ಬರೆದ ಮೇಲೆ ಅದರ ಮೊದಲ ಪುಟ ತೆಗೆದು ಆ ಹೆಸರನ್ನು ಇನ್ನೊಮ್ಮೆ ಓದಿದೆ.

ಪ್ರಶ್ನೆ: ನಮ್ಮ ಅಜ್ಜ ಫಕೀರಪ್ಪ. ನಾವು ಲಿಂಗಾಯತರು. "ಇದು ಮುಸ್ಲಿಮರ ಹೆಸರಲ್ವಾ?" ಎಂದು ಮಗನ ಗೆಳೆಯ ಕೇಳಿದನಂತೆ.
(ಗದಗ)

ಉತ್ತರ: ಫಕೀರ ಅರಬ್ಬಿ ಪದ, ಬಡವ ಎಂದರ್ಥ. ಏನೂ ಇಟ್ಟುಕೊಳ್ಳದೆ ದೇವರನ್ನು ನಂಬಿ ಬದುಕುವವನು. ಅಪ್ಪ ಅಚ್ಚ ಕನ್ನಡ. ಎರಡೂ ಸೇರಿ ನಿಮ್ಮ ಅಜ್ಜ ಆದರು. ನಿಮ್ಮ ಜಿಲ್ಲೆಯಲ್ಲೇ ಶಿರಹಟ್ಟಿಯ ಫಕೀರೇಶ್ವರ ಮಠ ಇದೆ. ಅಲ್ಲಿಗೆ ಎರಡೂ ಕಡೆಯ ಜನ ನಡೆದುಕೊಳ್ಳುತ್ತಾರೆ. ಮೊಹರಂನಲ್ಲಿ ಹರಕೆ ಹೊತ್ತು ಹುಟ್ಟಿದ ಹಿಂದೂ ಮಕ್ಕಳಿಗೆ ಹುಸೇನಪ್ಪ ಎಂದು ಇಡುವುದೂ ಉತ್ತರ ಕರ್ನಾಟಕದಲ್ಲಿ ಉಂಟು. ಅದೇ ಊರುಗಳ ದಸ್ತಗೀರ ಎಂಬ ಹೆಸರು ಪರ್ಷಿಯನ್ ಭಾಷೆಯದು. ದಸ್ತ್ ಅಂದರೆ ಕೈ, ಗೀರ್ ಅಂದರೆ ಹಿಡಿಯುವವನು. ಬಿದ್ದವರ ಕೈ ಹಿಡಿಯುವವನು ದಸ್ತಗೀರ. ಅಬ್ದುಲ್ ಅಂತ ಅರ್ಧಕ್ಕೆ ಕರೆಯುವುದನ್ನು ಮಾತ್ರ ಬಿಡೋಣ. ಅಬ್ದುಲ್ ಅಂದರೆ "ಇಂಥವನ ಸೇವಕ" ಎಂದು, ಮಾತು ಮುಗಿದಿರುವುದಿಲ್ಲ. ಅಬ್ದುಲ್ ರೆಹಮಾನ್ ಅಂದಾಗ "ಕರುಣೆಯುಳ್ಳವನ ಸೇವಕ" ಎಂದು ಪೂರ್ತಿಯಾಗುತ್ತದೆ. ದಾಸ ಎಂದಷ್ಟೇ ಹೇಳಿ ಪುರಂದರನನ್ನು ಬಿಟ್ಟ ಹಾಗಾಗುತ್ತದೆ.

ಪ್ರಶ್ನೆ: ನಮ್ಮ ಟೀಚರ್ ಮಾರ್ಗರೇಟ್ ಎಂದು ಇದ್ದರು, ತುಂಬಾ ಪ್ರೀತಿಯಿಂದ ನೋಡಿಕೊಂಡವರು. ಆ ಹೆಸರಿಗೆ ಕನ್ನಡದಲ್ಲಿ ಏನನ್ನಬಹುದು?
(ಕೋಲಾರ)

ಉತ್ತರ: ಮುತ್ತಮ್ಮ. ಗ್ರೀಕ್‌ನಲ್ಲಿ ಮಾರ್ಗರೀಟೆಸ್ ಅಂದರೆ ಮುತ್ತು. ಕೊಡಗಿನ ಸಿ. ಬಿ. ಮುತ್ತಮ್ಮ 1949ರಲ್ಲಿ ಭಾರತೀಯ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಹೆಂಗಸು ಎಂಬ ಕಾರಣಕ್ಕೆ ಬಡ್ತಿ ತಪ್ಪಿಸಿದಾಗ ಸುಪ್ರೀಂ ಕೋರ್ಟಿಗೆ ಹೋದರು. ಡಾ. ರಾಜ್‌ಕುಮಾರ್ ಅವರಿಗೆ ಮನೆಯಲ್ಲಿ ಇಟ್ಟ ಹೆಸರು ಮುತ್ತುರಾಜ. ನಿಮ್ಮ ಟೀಚರ್ ಈ ಸಾಲಿನವರು.

ಪ್ರಶ್ನೆ: ಮಗಳು ಅಮೆರಿಕಕ್ಕೆ ಓದಲು ಹೊರಟಿದ್ದಾಳೆ. ಪಾಸ್‌ಪೋರ್ಟ್ ಅರ್ಜಿಯಲ್ಲಿ ಸರ್‌ನೇಮ್ ಕೇಳುತ್ತಾರೆ. ನಮ್ಮಲ್ಲಿ ಮನೆತನದ ಹೆಸರೇ ಇಲ್ಲ, ಇರುವುದು ಎರಡು ಇನಿಶಿಯಲ್. ಏನು ಮಾಡುವುದು?
(ಮಂಡ್ಯ)

ಉತ್ತರ: ಮೊದಲು ಕೆಲಸದ ಮಾತು. ಆ ಜಾಗ ಖಾಲಿ ಬಿಟ್ಟರೂ ಪಾಸ್‌ಪೋರ್ಟ್ ಸಿಗುತ್ತದೆ. ಆದರೆ ಅಮೆರಿಕದ ವೀಸಾದಲ್ಲಿ ಅವಳ ಹೆಸರನ್ನೇ ಮನೆತನದ ಜಾಗಕ್ಕೆ ತಳ್ಳಿ, ಹೆಸರಿನ ಜಾಗದಲ್ಲಿ "ಎಫ್‌ಎನ್‌ಯು" ಎಂದು ಹಾಕುತ್ತಾರೆ. ಮೊದಲ ಹೆಸರು ಗೊತ್ತಿಲ್ಲ ಎಂದು ಅದರ ಅರ್ಥ. ಆಮೇಲೆ ಬ್ಯಾಂಕು, ಕಾಲೇಜು ಎಲ್ಲ ಕಡೆ ಅದೇ ಹೆಸರಾಗಿ ಹಿಂದೆ ಬೀಳುತ್ತದೆ. ಈಗಲೇ ಇನಿಶಿಯಲ್ ಬಿಡಿಸಿ, ಊರಿನ ಹೆಸರನ್ನೋ ತಂದೆಯ ಹೆಸರನ್ನೋ ಸರ್‌ನೇಮ್ ಜಾಗಕ್ಕೆ ಕೊಡಿ. ಅಂಕಪಟ್ಟಿ, ಆಧಾರ್, ಪಾಸ್‌ಪೋರ್ಟ್ ಮೂರರಲ್ಲೂ ಒಂದೇ ಥರ ಇರಲಿ.

ನಮ್ಮ ಪದ್ಧತಿ ಸರಿ ಇಲ್ಲ ಎಂದು ಮಾತ್ರ ಅವಳು ತಿ‍ಳಿಯದಿರಲಿ. ಹಳೇ ಮೈಸೂರು ಕಡೆ ಹೆಸರು ಬರೆಯುವ ಕ್ರಮ ಎಷ್ಟು ಚೆನ್ನಾಗಿದೆ ನೋಡಿ. ಮೊದಲು ಊರು, ಆಮೇಲೆ ತಂದೆ, ಕೊನೆಗೆ ತಾನು. ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ. ಮೂರರ ಮೊದಲಕ್ಷರ ಸೇರಿಸಿ ಕುವೆಂಪು ಆದರು. ಹರದನಹಳ್ಳಿ ದೊಡ್ಡೇಗೌಡರ ಮಗ ದೇವೇಗೌಡರು. ಎಲ್ಲಿಂದ ಬಂದೆ, ಯಾರ ಮಗ ಎಂದು ಹೇಳಿ, ತಾನು ಕೊನೆಗೆ ನಿಲ್ಲುವುದು. ಫಾರ್ಮ್ ಮಾಡಿದವರಿಗೆ ಇದು ಗೊತ್ತಿಲ್ಲದಿದ್ದರೆ ತಪ್ಪು ಫಾರ್ಮಿನದು.

ಯುರೋಪಿನಲ್ಲೇ ಇರುವ ಐಸ್‌ಲ್ಯಾಂಡಿನಲ್ಲೂ ಹೆಚ್ಚಿನವರಿಗೆ ಮನೆತನದ ಹೆಸರಿಲ್ಲ. 1980ರಲ್ಲಿ ಅಲ್ಲಿನ ಜನ ಒಬ್ಬ ಮಹಿಳೆಯನ್ನು ಅಧ್ಯಕ್ಷೆಯಾಗಿ ಆರಿಸಿದರು. ಅವರ ಹೆಸರು ವಿಗ್ದಿಸ್ ಫಿನ್ಬೊಗಾದೋತ್ತಿರ್. ಅಂದರೆ ಫಿನ್ಬೊಗಿಯ ಮಗಳು ವಿಗ್ದಿಸ್. ಮದುವೆಯಾದರೂ ಅಲ್ಲಿ ಹೆಂಗಸಿನ ಹೆಸರು ಬದಲಾಗುವುದಿಲ್ಲ, ಅಪ್ಪನ ಮಗಳು ಮಗಳೇ. ಅವರ ಟೆಲಿಫೋನ್ ಪುಸ್ತಕದಲ್ಲೂ ಸ್ವಂತ ಹೆಸರಿನ ಅಕ್ಷರದ ಪ್ರಕಾರವೇ ಹುಡುಕಬೇಕಿತ್ತು. ನಮ್ಮ ಹಾಜರಿ ಪುಸ್ತಕದ ಹಾಗೇ.

ಪ್ರಶ್ನೆ: ನಮ್ಮ ಅತ್ತೆ ಸಾತಾರಾ ಕಡೆಯವರು. ಅವರ ಹೆಸರು ನಕುಶಾ. ಆಧಾರ್ ಕಾರ್ಡಿನಲ್ಲಿ ಅದೇ ಇದೆ. ಮರಾಠಿ ಬಲ್ಲವರು ಕೇಳಿದಾಗಲೆಲ್ಲ ಅವರು ತಲೆ ತಗ್ಗಿಸುತ್ತಾರೆ. ಬದಲಾಯಿಸಬಹುದೇ? ಒಳ್ಳೆಯ ಹೆಸರು ಸೂಚಿಸಿ.
(ನಿಪ್ಪಾಣಿ)

ಉತ್ತರ: ಈ ಪತ್ರವನ್ನು ಕೊನೆಗೆ ಇಟ್ಟುಕೊಂಡೆ, ಉತ್ತರ ಬರೆಯಲು ಜಾಸ್ತಿ ಹೊತ್ತು ಬೇಕಾಯಿತು. ಮರಾಠಿ ಗೊತ್ತಿಲ್ಲದವರಿಗೆ ಹೇಳುತ್ತೇನೆ, ನಕುಶಾ ಅಂದರೆ ಬೇಡವಾದವಳು. ಗಂಡು ಬೇಕೆಂದು ಕಾದ ಮನೆಯಲ್ಲಿ ಮೇಲಿಂದ ಮೇಲೆ ಹೆಣ್ಣು ಹುಟ್ಟಿದಾಗ ಇಟ್ಟ ಹೆಸರು. ತಿಪ್ಪಮ್ಮನ ಹೆಸರಿನಲ್ಲಿ ಮಗು ಉಳಿಯಲಿ ಎಂಬ ಆಸೆ ಇತ್ತು. ಇಲ್ಲಿ ಅದಿಲ್ಲ. ಬಂಗಾಳದ ಆನ್ನಾಕಾಲಿ ಎಂಬ ಹೆಸರನ್ನು ಬಿಡಿಸಿದರೆ "ಇನ್ನು ಬೇಡ, ಕಾಳಿ" ಎಂದಾಗುತ್ತದೆ. ತಮಿಳುನಾಡಿನಲ್ಲಿ ವೇಂಡಾಂ, ಬೇಡ ಎಂದೇ ಹೆಸರು. ಚೀನಾದಲ್ಲಿ ಝಾವೊದಿ, "ತಮ್ಮನನ್ನು ಕರೆದು ತಾ". ಆ ಹುಡುಗಿ ಜೀವನವಿಡೀ ಹುಟ್ಟದ ತಮ್ಮನ ಹೆಸರಿನಲ್ಲಿ ಓಗೊಡಬೇಕು.

2011ರ ಅಕ್ಟೋಬರ್‌ನಲ್ಲಿ ನಿಮ್ಮ ಅತ್ತೆಯ ಸಾತಾರಾ ಜಿಲ್ಲೆಯಲ್ಲೇ ಒಂದು ಕಾರ್ಯಕ್ರಮ ನಡೆಯಿತು. ಈ ಹೆಸರಿದ್ದ 285 ಹುಡುಗಿಯರಿಗೆ ಹೊಸ ಹೆಸರು ಬರೆದ ಪ್ರಮಾಣ ಪತ್ರ ಕೊಟ್ಟರು. ಸಿನಿಮಾ ನಟಿಯರ ಹೆಸರು ಇಟ್ಟುಕೊಂಡವರಿದ್ದರು, ದೇವಿಯರ ಹೆಸರು ಆರಿಸಿಕೊಂಡವರೂ ಇದ್ದರು. ಪತ್ರಿಕೆಯ ಆ ತುಂಡನ್ನು ಕತ್ತರಿಸಿ ಇಟ್ಟುಕೊಂಡಿದ್ದೇನೆ.

ಅದಕ್ಕೆ ಕಾರಣ ಇದೆ. ಈ ಅಂಕಣದ ಕೆಳಗೆ ಪ್ರತಿ ಸಲ ನನ್ನ ಹೆಸರು ನೋಡುತ್ತೀರಿ, ಸಾಕಮ್ಮ. ನಾನು ಐದನೇ ಹೆಣ್ಣು. ಎಸ್ಸೆಸ್ಸೆಲ್ಸಿ ಫಾರ್ಮ್ ತುಂಬುವಾಗ ನಮ್ಮ ಹೆಡ್‌ಮಾಸ್ಟರ್ "ಶಕುಂತಲಾ ಅಂತ ಬರೆಯಲೇನಮ್ಮ?" ಎಂದು ಕರುಣೆಯಿಂದ ಕೇಳಿದರು. ನಾಳೆ ಹೇಳುತ್ತೇನೆ ಎಂದು ಮನೆಗೆ ಬಂದೆ. ಅಮ್ಮ ರಾಗಿ ಕೇರುತ್ತಿದ್ದಳು. ಸಾಕು ಅಂತ ಯಾಕಮ್ಮ ಇಟ್ರಿ ಎಂದು ಕೇಳಿದೆ. ಮೊರ ಕೆಳಗಿಟ್ಟಳು. "ಹೆಣ್ಣು ಅಂತ ಸೂಲಗಿತ್ತಿ ಅಂದ ಕೂಡ್ಲೆ ನಿಮ್ಮಜ್ಜಿ ಸಾಕು ಅಂದ್ರು. ನಾನೂ ಸಾಕು ಅಂದೆ. ಹೆರೋದು ಸಾಕು ಅಂದೆ ಕಣೇ, ಮೈಯಾಗೆ ಜೀವ ಇರ್ಲಿಲ್ಲ. ನೀನು ಸಾಕು ಅನ್ಲಿಲ್ಲ" ಅಂದಳು. ಅಷ್ಟು ವರ್ಷ ನಾನು ಅಜ್ಜಿಯ ಸಾಕು ಮಾತ್ರ ಕೇಳಿಸಿಕೊಂಡಿದ್ದೆ. ಮಾರನೇ ದಿನ ಹೋಗಿ, ಇರುವ ಹೆಸರೇ ಇರಲಿ ಸಾರ್ ಅಂದೆ. ಆಮೇಲೆ ಬೆಂಗಳೂರಿನ ಕಾಫಿಪುಡಿ ಸಾಕಮ್ಮನವರ ಬಗ್ಗೆ ಓದಿದೆ. ಹೆಂಗಸರು ವ್ಯಾಪಾರಕ್ಕೆ ಇಳಿಯದ ಕಾಲದಲ್ಲಿ ಯಂತ್ರ ಇಟ್ಟು ಕಾಫಿಪುಡಿ ಮಾಡಿ ಊರಿಗೆಲ್ಲ ಮಾರಿದವರು. ಇನ್ನಷ್ಟು ಧೈರ್ಯ ಬಂತು.

ಆದರೆ ಇದು ನನ್ನ ವಿಷಯ. ನಿಮ್ಮ ಅತ್ತೆಯವರಿಗೆ ಇಷ್ಟು ವರ್ಷ ಆದ ನೋವು ಅವರಿಗೇ ಗೊತ್ತು. ಅವರು ಬದಲಾಯಿಸಿಕೊಳ್ಳಲಿ ಎಂದೇ ನನ್ನ ಮನಸ್ಸು ಹೇಳುತ್ತದೆ. ನೋಟರಿ ಹತ್ತಿರ ಪ್ರಮಾಣ ಪತ್ರ ಮಾಡಿಸಿ, ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟು, ಗೆಜೆಟ್‌ನಲ್ಲಿ ಪ್ರಕಟಿಸಿದರೆ ಹೆಸರು ಬದಲಾಗುತ್ತದೆ. ಆಮೇಲೆ ಆಧಾರ್, ಬ್ಯಾಂಕ್ ಪಾಸ್‌ಬುಕ್, ಪಡಿತರ ಚೀಟಿ ತಿದ್ದಿಸಿ. ಓಡಾಟ ಇದೆ, ನೀವು ಜತೆಗೆ ಹೋಗಿ.

ಹೆಸರನ್ನು ನಾನು ಸೂಚಿಸುವುದಿಲ್ಲ. ನೀವೂ ಆರಿಸಬೇಡಿ. ಮೊದಲ ಹೆಸರು ಇಟ್ಟಾಗ ಅವರನ್ನು ಯಾರೂ ಕೇಳಿರಲಿಲ್ಲ. ಈ ಸಲ ಅವರನ್ನೇ ಕೇಳಿ. ಚಿಕ್ಕವರಿದ್ದಾಗ ಆಟದಲ್ಲಿ ಯಾವ ಹೆಸರು ಇಟ್ಟುಕೊಳ್ಳುತ್ತಿದ್ದಿರಿ ಎಂದು ಕೇಳಿ ನೋಡಿ, ಬೇಗ ನೆನಪಾಗಬಹುದು. ಅವರು ಹೇಳಿದ ಹೆಸರನ್ನು ಒಂದು ಕಾರ್ಡಿನಲ್ಲಿ ಬರೆದು ನನಗೂ ಕಳಿಸಿ. ಕಾಯುತ್ತಿರುತ್ತೇನೆ.

ಸಾಕಮ್ಮ